ದೇವರಿಗೆ ಹಸಿವಾದ ದಿನ

ಮಾಲವಣದ ಮೀನುಪೇಟೆಯಲ್ಲಿ ತಾರಾಮತಿ ಧುರಿಗೆ ಮೋಸ ಮಾಡುವುದು ಆಗದ ಮಾತು ಎಂದು ಮೀನು ಮಾರುವ ಹೆಂಗಸರೇ ಒಪ್ಪಿಕೊಳ್ಳುತ್ತಿದ್ದರು. ಅವಳು ಕಿವಿರು ಎತ್ತಿ ನೋಡುತ್ತಿರಲಿಲ್ಲ, ಮೂಸುತ್ತಿರಲಿಲ್ಲ. ಬುಟ್ಟಿಯ ಮೇಲೆ ಕೈ ಇಡುತ್ತಿದ್ದಳು, ಅಷ್ಟೇ. ಒಳ್ಳೆಯ ಮೀನಾದರೆ ಕೈ ಅಲ್ಲೇ ನಿಲ್ಲುತ್ತಿತ್ತು. ಹಳತಾದರೆ ಬೆಂಕಿ ತಾಗಿದಂತೆ ತಾನಾಗಿ ಹಿಂದೆ ಬರುತ್ತಿತ್ತು.

"ಬೆಳಗ್ಗೆ ಬೆಳಗ್ಗೆ ನನ್ನ ಬುಟ್ಟಿಗೆ ಅಪಶಕುನ ಮಾಡ್ಬೇಡ ಗೋ ತಾರಾ," ಎಂದು ರುಕ್ಮಿ ಕುಬಲ್ ಗದರುತ್ತಿದ್ದಳು. "ಬೇಕಾದ್ರೆ ತಗೋ, ಇಲ್ಲಾಂದ್ರೆ ಕೈ ಜೇಬಲ್ಲಿ ಇಟ್ಕೋ!"

"ಸೀರೆಗೆ ಜೇಬು ಎಲ್ಲಿದ್ಯೇ?"

"ಹಂಗಾದ್ರೆ ಸೊಂಟಕ್ಕೆ ಸಿಕ್ಕಿಸ್ಕೋ. ನಿನ್ನ ಕೈ ಹಿಂದೆ ಹೋದದ್ದು ನೋಡಿ ಇನ್ನಿಬ್ರು ಹಿಂದೆ ಹೋದ್ರು."

ಅದೇ ತಾರಾಮತಿ ಪಕ್ಕದ ಬಟ್ಟೆ ಅಂಗಡಿಯ ಮೆಟ್ಟಿಲು ಹತ್ತಿದರೆ ಬೇರೆಯೇ ಹೆಂಗಸು. ಹಸಿರೋ ನೀಲಿಯೋ ಎಂದು ಕೇಳಿದರೆ ಮುಖ ಖಾಲಿಯಾಗುತ್ತಿತ್ತು. "ಯಾವುದಾದರೂ ಸರಿ" ಎನ್ನುತ್ತಿದ್ದಳು. ಅದು ಸಂಕೋಚವಲ್ಲ, ಸೋಗೂ ಅಲ್ಲ. ತನಗೆ ಯಾವುದು ಬೇಕು ಎಂದು ಒಳಗೆ ಕೈಹಾಕಿ ತಡಕಾಡಿದರೆ ಅವಳಿಗೆ ನಿಜವಾಗಿಯೂ ಏನೂ ಸಿಗುತ್ತಿರಲಿಲ್ಲ. ಮನೆಯವರ ಹೊಟ್ಟೆಗೆ ಬೇಕಾದದ್ದನ್ನು ಮುಟ್ಟಿದೊಡನೆ ಹೇಳುವ ಕೈ ತನಗೆ ಬೇಕಾದದ್ದರ ಮುಂದೆ ಮರದ ಕೈಯಾಗುತ್ತಿತ್ತು.

ಹುಟ್ಟಿನಿಂದ ಹೀಗಿರಲಿಲ್ಲ. ದೇವಗಡದ ಕಡೆಯ ತವರಿನಲ್ಲಿ ಅವಳಿಗೆ ಹಸಿವಾದರೆ ಬಂದರಿನವರೆಗೆ ಕೇಳಿಸುತ್ತಿತ್ತು. "ಇವಳ ಹೊಟ್ಟೇಲಿ ದೇವಸ್ಥಾನದ ಗಂಟೆ ಕಟ್ಟಿದಾರೆ" ಎಂದು ಅಪ್ಪ ನಗುತ್ತಿದ್ದ. ನಿದ್ದೆ ಬಂದಲ್ಲಿ ಮಲಗುತ್ತಿದ್ದಳು; ಭತ್ತದ ಮೂಟೆಯ ಮೇಲೆ, ದಡಕ್ಕೆ ಎಳೆದ ದೋಣಿಯೊಳಗೆ. ಯಾರದೋ ಮನೆಗೆ ಹೋಗಲು ಮನಸ್ಸಿಲ್ಲದಿದ್ದರೆ "ನನ್ನ ಹೊಟ್ಟೆ ಬೇಡ ಅಂತಿದೆ" ಎಂದು ಹಟ ಹಿಡಿಯುತ್ತಿದ್ದಳು. ಹೊಟ್ಟೆ ಬೇಡ ಎಂದರೆ ಮುಗಿಯಿತು, ಸೋದರತ್ತೆ ಕೂಡ ಒತ್ತಾಯಿಸುತ್ತಿರಲಿಲ್ಲ.

ಮದುವೆಯಾಗಿ ಧುರಿಗಳ ಮನೆಗೆ ಬಂದಾಗ ಗಂಡ ಮಧುಕರ ಮುಂಬೈಯ ಒಂದು ಪ್ರೆಸ್ಸಿನಲ್ಲಿ ಕೆಲಸಕ್ಕಿದ್ದ. ಗಣಪತಿ ಹಬ್ಬಕ್ಕೊಮ್ಮೆ, ಬೇಸಿಗೆಗೊಮ್ಮೆ ಬರುವವನು. ಮನೆಯಲ್ಲಿ ಮಾವ, ಇನ್ನೂ ಶಾಲೆಗೆ ಹೋಗುತ್ತಿದ್ದ ಮೈದುನ ಸದಾನಂದ, ಮತ್ತು ಎಲ್ಲರೂ ಆಯೆ ಎಂದು ಕರೆಯುತ್ತಿದ್ದ ಅತ್ತೆ ಭಾಗೀರಥಿ. ಬಂದ ಹೊಸತರಲ್ಲಿ ಮಸಾಲೆ ರುಬ್ಬುತ್ತಿದ್ದಾಗ ಹಸಿವಾಗಿ ಒಂದು ಚೂರು ಕೊಬ್ಬರಿ ಬಾಯಿಗೆ ಹಾಕಿಕೊಂಡಳು. ಆಯೆ ಕಾಯಿ ತುರಿಯುವುದನ್ನು ನಿಲ್ಲಿಸದೆ, "ಸೊಸೆಯ ಹೊಟ್ಟೆಗೆ ಬಾಯಿ ಇರಬಾರ್ದು ಗೋ" ಎಂದಳು. ದನಿಯಲ್ಲಿ ಸಿಟ್ಟಿರಲಿಲ್ಲ. ಸೀರೆ ಮಡಚುವುದನ್ನು ಹೇಳಿಕೊಟ್ಟಂತೆ ಹೇಳಿಕೊಟ್ಟಳು.

ಹೊಟ್ಟೆಯ ಬಾಯಿ ಮುಚ್ಚಿಸುವುದು ಒಂದು ದಿನದ ಕೆಲಸವಲ್ಲ. ಗಂಡಸರು ಉಣ್ಣಬೇಕು, ಮಾವ ಎರಡನೆಯ ಸಲ ಅನ್ನ ಹಾಕಿಸಿಕೊಂಡು ಎಲೆಯಡಿಕೆಗೆ ಏಳಬೇಕು, ಮಕ್ಕಳು ಉಣ್ಣಬೇಕು, ಅಷ್ಟರಲ್ಲಿ ಯಾರಾದರೂ ಬಂದರೆ ಅವರೂ ಉಣ್ಣಬೇಕು, ಆಮೇಲೆ ಆಯೆ. ತಾರಾಮತಿ ಮೀನಿನ ಬಾಲ ಹಿಡಿದು ಕೂರುವ ಹೊತ್ತಿಗೆ ಹಸಿವು ಬಾಗಿಲು ಬಡಿದು ಬಡಿದು ಮುನಿಸಿಕೊಂಡು ಹೋಗಿರುತ್ತಿತ್ತು. ಪಾಯಖಾನೆ ಇದ್ದದ್ದು ಹಿತ್ತಲ ಆಚೆ. ಅದರ ದಾರಿಯಲ್ಲೇ ಗಂಡಸರು ಹಗಲಿಡೀ ಬಲೆ ಹೆಣೆಯುತ್ತ ಇಸ್ಪೀಟು ಆಡುತ್ತ ಕೂತಿರುತ್ತಿದ್ದರು. ಹೀಗಾಗಿ ಅದಕ್ಕೂ ಕತ್ತಲಾಗಬೇಕೆಂದು ಮೈಗೆ ಕಲಿಸಿದಳು. ಮಧ್ಯಾಹ್ನ ಕಣ್ಣು ಎಳೆದರೆ ತಣ್ಣೀರು ಚಿಮುಕಿಸಿಕೊಂಡು ಹಪ್ಪಳಕ್ಕೆ ಕೂತಳು. ಹೆರಿಗೆ ನೋವು ಬಂದದ್ದೂ ವಡೆ ಕರಿಯುವಾಗ. ವಾಯು ಹಿಡಿದಿದೆ ಎಂದುಕೊಂಡು ಉಳಿದ ಹಿಟ್ಟನ್ನೆಲ್ಲ ಕರಿದು ಮುಗಿಸಿದಳು. ಒಲೆಯ ಮುಂದೆ ಕೂತವಳು ಬಾಣಂತಿಯಾಗಿಯೇ ಎದ್ದಳು ಎಂದು ವಾಡಿಯ ಮನೆಮನೆಯಲ್ಲಿ ಈಗಲೂ ಹೇಳಿ ನಗುತ್ತಾರೆ. ತಾರಾಮತಿಯೂ ನಗುತ್ತಾಳೆ.

ಕೇಳಿಸಿಕೊಳ್ಳದೆ ಕೇಳಿಸಿಕೊಳ್ಳದೆ ಕೊನೆಗೆ ಮೈ ಆಡುವ ಭಾಷೆಯೇ ಅವಳಿಗೆ ಮರೆಯಿತು. ಸುಮ್ಮನೆ ಅಳು ಬರುತ್ತಿತ್ತು. ತನಗೆ ಬೇಕಿದ್ದದ್ದು ನಿದ್ದೆ ಎಂದು ಹೊಳೆಯುತ್ತಿರಲಿಲ್ಲ. ಮಗಳು ಮಂಜಿರಿಯ ಮೇಲೆ ಹರಿಹಾಯುತ್ತಿದ್ದಳು. ಬೆಳಗಿನಿಂದ ಏನೂ ತಿಂದಿಲ್ಲ ಎಂಬುದು ನೆನಪಾಗುತ್ತಿರಲಿಲ್ಲ. ಮಾವ ಹೋದ ಮೇಲೆ ಮಧುಕರನೂ ತೀರಿಕೊಂಡಾಗ ಬಂದವರಿಗೆಲ್ಲ ಬೇಯಿಸಿ ಬಡಿಸಿದಳು. ಕರ್ಮಾಂತರವೆಲ್ಲ ಮುಗಿದ ಮೇಲೆ ದವಡೆ ನೋಯುತ್ತಿದೆ ಎಂದು ಹಲ್ಲಿನ ಡಾಕ್ಟರ ಹತ್ತಿರ ಹೋದಳು. ಅವರು ಹಲ್ಲು ಗಟ್ಟಿಯಾಗಿದೆ, ನೀವು ಹಲ್ಲು ಕಚ್ಚುವುದನ್ನು ನಿಲ್ಲಿಸಿ ಎಂದರು.

ಮಂಜಿರಿಯನ್ನು ನೋಡಲು ಕಣಕವಲಿಯಿಂದ ಗಂಡಿನವರು ಬಂದು ಹೋದಾಗ ಹುಡುಗಿ ತಾಯಿಯನ್ನು ಬಾವಿಯ ಹತ್ತಿರ ಹಿಡಿದು ನಿಲ್ಲಿಸಿದಳು.

"ಮಮ್ಮಿ, ನಿನಗೆ ಹೇಗನ್ನಿಸ್ತು?"

"ಸದಾ ಕಾಕಾ ಒಪ್ಪಿದಾರಲ್ಲ."

"ಕಾಕಾನ್ನ ಅಲ್ಲ, ನಿನ್ನ ಕೇಳ್ದೆ. ನಿನ್ನ ಒಳಗೆ ಏನನ್ನಿಸ್ತು?"

ತಾರಾಮತಿ ಒಳಗೆ ನೋಡಿದಳು. ಬಂದವರಿಗೆ ಕುಡಿಯಲು ಕೊಟ್ಟ ಸೋಲಕಢಿ ಸಾಲದೆ ಹೋಯಿತೋ ಏನೋ ಎಂಬ ಚಿಂತೆಯೊಂದೇ ಅಲ್ಲಿತ್ತು. "ಒಳ್ಳೆಯವರ ಹಾಗೆ ಕಾಣ್ತಾರೆ" ಎಂದಳು. ಹುಡುಗ ನಿಜಕ್ಕೂ ಒಳ್ಳೆಯವನಾದದ್ದು ಮಂಜಿರಿಯ ಪುಣ್ಯ. ತಾಯಿ ಅಲ್ಲಿ ಮಾಡಿದ್ದೇನೂ ಇಲ್ಲ.

ಸದಾನಂದ ಅಷ್ಟರಲ್ಲಿ ಬೆಳೆದು ದೊಡ್ಡವನಾಗಿದ್ದ. ಕಡಲೊಳಗೆ ಮುಳುಗಿ ಮೀನು ನೋಡಲು ಬರುವ ಪ್ರವಾಸಿಗಳಿಗೆ ದೋಣಿಯ ಟಿಕೆಟ್ ಮಾಡಿಸಿಕೊಡುವ ಅಂಗಡಿ ಹಾಕಿದ. ತಾಲೂಕು ಕಚೇರಿಯಲ್ಲಿ ನೌಕರಿ ಮಾಡುವ ನಯನಾಳನ್ನು ಮದುವೆಯಾದ. ತಾರಾಮತಿಯ ಕೈತುತ್ತು ತಿಂದು ಬೆಳೆದ ಹುಡುಗ; ಹೊರಗೆ ಎಲ್ಲಿ ಉಂಡರೂ "ನಮ್ಮ ವಹಿನಿಯ ಅಡಿಗೆ ಮುಂದೆ ಇದೇನು" ಎಂದು ಆ ಮನೆಯವರ ಮುಖ ಕೆಡಿಸಿ ಬರುವವನು. ಅತ್ತಿಗೆ ಎಂದರೆ ಅವನಿಗೆ ಪ್ರಾಣ. ಆ ಪ್ರೀತಿಯಿಂದಲೇ ಒಂದು ಸಂಜೆ ಮೊಬೈಲು ಹಿಡಿದು ಓಡುತ್ತ ಬಂದ.

"ವಹಿನಿ, ನೋಡಿಲ್ಲಿ! ನಿನ್ನ ಫೋಟೋ!"

ಮಂಜಿರಿಯ ಮದುವೆಯ ಫೋಟೋದಿಂದ ಕತ್ತರಿಸಿದ ತಾರಾಮತಿಯ ಮುಖ, ಮುಖದ ಸುತ್ತ ಏಡಿ, ಸಿಗಡಿ, ತೆಂಗಿನಕಾಯಿ. ಕೆಳಗೆ ದೊಡ್ಡ ಅಕ್ಷರದಲ್ಲಿ, 'ತಾರಾವಹಿನಿಯ ಅಡಿಗೆಮನೆ, ಊಟ ಮತ್ತು ವಸತಿ.'

"ಹಿತ್ತಲಲ್ಲಿ ರೂಮು ಕಟ್ಟಿಸಿ ಹೋಂಸ್ಟೇ ಮಾಡೋಣ. ಮುಂಬೈ ಪುಣೆಯವರೆಲ್ಲ ನಿನ್ನ ಹೆಸರು ಹೇಳ್ಕೊಂಡು ಬರ್ತಾರೆ."

"ಬೆಳಗ್ಗೆ ಎಷ್ಟು ಹೊತ್ತಿಗೆ ಏಳ್ತಾರೆ ಅವರು?"

"ಐದಕ್ಕೋ ಆರಕ್ಕೋ. ಒಂದು ಚಹಾ ಕೊಟ್ರೆ ಆಯ್ತಪ್ಪ. ಗಣಪತಿಗೆ ಇಡೀ ವಾಡಿಗೆ ಬಡಿಸ್ತೀಯ ನೀನು, ಇದೆಲ್ಲ ನಿನಗೆ ನೀರು ಕುಡಿದ ಹಾಗೆ."

"ವಹಿನಿಗೆ ಸಹಾಯಕ್ಕೆ ಯಾರು?" ಎಂದು ನಯನಾ ಕೇಳಿದಳು.

"ರಜಾ ದಿನ ನೀನಿರ್ತೀಯಲ್ಲ."

"ಕೇಳಿದ್ರಾ ವಹಿನಿ? ರಜಾ ಅಂದ್ರೆ ಏನು ಅಂತ ಮೊದಲು ಇವರನ್ನ ಶಾಲೆಗೆ ಕಳಿಸಿ ಕಲಿಸ್ಬೇಕು."

ಎಲ್ಲರೂ ನಕ್ಕರು. "ನಿನಗೇನನ್ನಿಸುತ್ತೆ ವಹಿನಿ?" ಎಂದ ಸದಾ. ಕೇಳಿದ್ದು ಮನಸಾರೆಯೇ. ತಾರಾಮತಿ ಅಭ್ಯಾಸದಂತೆ, "ನಿಮಗೆಲ್ಲ ಸರಿ ಅನ್ನಿಸಿದ್ರೆ ಸರಿ" ಎಂದಳು. ಕಟ್ಟಡದ ಮೇಸ್ತ್ರಿಗೆ ಮಾತು ಹೋಯಿತು. ಇನ್ನು ಉಳಿದದ್ದು ರವಳನಾಥನ ಕೌಲು ಮಾತ್ರ. ಗ್ರಾಮದೇವರ ಎದೆಗೆ ಒದ್ದೆ ಮಾಡಿದ ಎಸಳುಗಳನ್ನು ಅಂಟಿಸಿ, ಒಪ್ಪಿಗೆಯ ಬಲದ್ದು ಬೀಳುತ್ತದೋ ನಿರಾಕರಣೆಯ ಎಡದ್ದೋ ನೋಡದೆ ಧುರಿಗಳು ಅಂಗಳಕ್ಕೆ ಒಂದು ಕಲ್ಲನ್ನೂ ಹಾಸಿದವರಲ್ಲ.

ಆ ವಾರದಿಂದ ತಾರಾಮತಿಯ ಕೈ ಕೆಟ್ಟಿತು.

ಮೊದಲ ದಿನ ರುಕ್ಮಿಯ ಬುಟ್ಟಿಯ ಮೇಲೆ ಇಟ್ಟ ಕೈ ಹಿಂದೆ ಬಂತು. ಪಕ್ಕದವಳ ಬುಟ್ಟಿಯಿಂದಲೂ ಹಿಂದೆ ಬಂತು. ಆಗ ತಾನೇ ದೋಣಿಯಿಂದ ಇಳಿದು ಬಾಲ ಬಡಿಯುತ್ತಿದ್ದ ಬಂಗುಡೆಯಿಂದಲೂ ಹಿಂದೆ ಬಂತು. "ಇವತ್ತು ಸಮುದ್ರಾನೇ ಹಳಸಿದ್ಯಾ ಗೋ?" ಎಂದು ರುಕ್ಮಿ ಸೊಂಟದ ಮೇಲೆ ಕೈಯಿಟ್ಟಳು. ನಾಚಿಕೆಯಾಗಿ ತಾರಾಮತಿ ಕೈಯ ಮಾತು ಕೇಳದೆ ಕಣ್ಣುಮುಚ್ಚಿ ಯಾವುದನ್ನೋ ಎತ್ತಿಕೊಂಡು ಬಂದಳು. ಮಧ್ಯಾಹ್ನ ಸದಾ ಮೊದಲ ತುತ್ತನ್ನೇ ಉಗುಳಿದ.

"ವಹಿನಿ, ಇದು ನೀನು ತಂದದ್ದಾ?"

ಮರುದಿನವೂ ಹಾಗೆಯೇ. ಅದರ ಮಾರನೆಯ ದಿನವೂ. ತಾರಾಮತಿಗೆ ಹೆದರಿಕೆ ಹತ್ತಿತು. ತನಗಿದ್ದ ಒಂದು ವಿದ್ಯೆಯೂ ಕೈಬಿಟ್ಟಿತೆಂದು ಕೈಯನ್ನು ಅರಿಶಿನ ಹಚ್ಚಿ ತೊಳೆದಳು, ಬೂದಿ ಹಚ್ಚಿ ತಿಕ್ಕಿದಳು. ಮೂಲೆಯಲ್ಲಿ ಕೋಲು ಹಿಡಿದು ಕೂತ ಆಯೆ ಅದನ್ನೆಲ್ಲ ನೋಡುತ್ತಿದ್ದಳು.

ಕೌಲಿನ ದಿನ ಮನೆಯ ಹಿರಿಸೊಸೆ ಹಿಂದಿನ ರಾತ್ರಿಯಿಂದಲೇ ಉಪವಾಸ ಇರಬೇಕೆಂಬುದು ಧುರಿಗಳ ಪದ್ಧತಿ. ಗಂಡಸರಿಗೆ ಚಹಾ ತಿಂಡಿ ನಡೆಯುತ್ತದೆ. ಇಲ್ಲದಿದ್ದರೆ ಅವರಿಗೆ ಪಿತ್ತ ಏರುತ್ತದಲ್ಲ. ತಾರಾಮತಿ ಎದ್ದು ಎಲ್ಲರಿಗೂ ದೋಸೆಯಂಥ ಆಂಬೋಳಿ ಹುಯ್ದು, ಬಟಾಣಿ ಉಸಳಿ ಮಾಡಿ, ಪಾತ್ರೆ ತೊಳೆದು, ದೇವರಿಗೆ ಹೂ ಕಿತ್ತು, ಒಂದು ಹನಿ ನೀರೂ ಕುಡಿಯದೆ ಗುಡಿಗೆ ನಡೆದಳು. ಆಯೆಯನ್ನು ರಿಕ್ಷಾದಲ್ಲಿ ಕರೆತಂದರು.

ಗುಡಿಯ ಪೂಜಾರಿ ಭಿಕೂ ಗುರವ ಕರಿಕಲ್ಲಿನ ರವಳನಾಥನ ಎದೆಯ ಎರಡೂ ಬದಿಗೆ ಎಸಳು ಅಂಟಿಸಿ, ಕೈ ಮುಗಿದು, ರಾಗವಾಗಿ ಅರಿಕೆ ಶುರು ಮಾಡಿದ.

"ಬಾ ದೇವಾ ರವಳನಾಥಾ, ಹನ್ನೆರಡು ವಾಡಿಯ ಒಡೆಯಾ! ಇವತ್ತು ಧುರಿ ಮನೆತನದ ನಿನ್ನ ಮಕ್ಕಳು ನಿನ್ನ ಹೊಸ್ತಿಲಿಗೆ ಬಂದಿದಾರೆ..."

"ಹೋಯ್ ಮಹಾರಾಜಾ!" ಎಂದು ನೆರೆದವರು ಒಕ್ಕೊರಲಿನಿಂದ ಹೌದೆಂದರು.

"ಹೊಸ ಉದ್ಯೋಗ ಹಿಡೀಬೇಕು ಅಂತಿದಾರೆ, ನಾಲ್ಕು ಜನಕ್ಕೆ ಅನ್ನ ಹಾಕ್ಬೇಕು ಅಂತಿದಾರೆ..."

"ಹೋಯ್ ಮಹಾರಾಜಾ!"

"ಮನೆಯ ಹಿರಿಸೊಸೆ ಕೈಯಲ್ಲಿ ಅನ್ನಪೂರ್ಣೆ ಇದಾಳೆ, ಆ ಕೈ ಎಂದೂ ಬಿಡುವು ಕಾಣದ ಹಾಗೆ ಹರಸ್ಬೇಕು..."

"ಹೋಯ್ ಮಹಾರಾಜಾ!"

ಈ ಸಲದ ಕೂಗಿನಲ್ಲಿ ಎಲ್ಲರಿಗಿಂತ ದೊಡ್ಡ ದನಿ ತನ್ನದೇ ಎಂದು ತಾರಾಮತಿಗೆ ಕೇಳಿಸಿತು. ಮಾತು ಗಂಟಲು ದಾಟಿದ ಮೇಲೆ ಹೊಟ್ಟೆಗೆ ಅದರ ಅರ್ಥ ತಿಳಿಯಿತು. ಎಂದೂ ಬಿಡುವು ಕಾಣದ ಹಾಗೆ. ಬಲಗಡೆಯ ಎಸಳು ಜಾರಿ ಬಿತ್ತು. "ಆಯ್ತು! ಕೊಟ್ಟ!" ಎಂದು ಸದಾ ಕುಣಿದ. ತಾರಾಮತಿಯ ಬೆರಳು ತಣ್ಣಗಾದವು, ಕಿವಿಯಲ್ಲಿ ಅಲೆ ಮೊರೆಯಿತು. ಕುಸಿದು ಕೂತವಳ ಮೈಯೆಲ್ಲ ಗಡಗಡ ನಡುಗತೊಡಗಿತು.

"ಬಂತು! ಮೈಮೇಲೆ ಬಂತು!" ಎಂದು ಯಾರೋ ಕೂಗಿದರು.

ಕ್ಷಣದಲ್ಲಿ ಗುಡಿಯ ಚಹರೆಯೇ ಬದಲಾಯಿತು. ಸದಾ ಅತ್ತಿಗೆಯ ಪಾದಕ್ಕೆ ಬಿದ್ದ. ಯಾರೋ ಹಣೆ ತುಂಬ ಕುಂಕುಮ ಬಳಿದರು, ಯಾರೋ ಗಂಟೆ ಬಾರಿಸಿದರು. ಭಿಕೂ ಗುರವ ಅವಳ ಮುಂದೆ ಮಂಡಿಯೂರಿ ಕೈಮುಗಿದ.

"ಬಂದೋನು ಯಾರು? ಸಾಕ್ಷಾತ್ ರವಳನಾಥನಾ? ಬಂದ ಕಾರಣ ಹೇಳು ಮಹಾರಾಜಾ. ಏನು ಬೇಕು ನಿನಗೆ?"

ಏನು ಬೇಕು ನಿನಗೆ. ಕೈ ಮುಗಿದು, ಉತ್ತರಕ್ಕಾಗಿ ಉಸಿರು ಬಿಗಿಹಿಡಿದು ಇಷ್ಟು ಜನ ತಾರಾಮತಿಯನ್ನು ಯಾವತ್ತೂ ಈ ಮಾತು ಕೇಳಿರಲಿಲ್ಲ. ಅವಳು ನಡುಗುತ್ತಲೇ ಒಳಗೆ ತಡಕಾಡಿದಳು. ಈ ಸಲ ಅಲ್ಲಿ ಏನೋ ಇತ್ತು. ಸಣ್ಣದು, ಹಳೆಯದು, ದೇವಗಡದ ಬಂದರಿನವರೆಗೆ ಕೇಳಿಸುತ್ತಿದ್ದದ್ದು.

"ಹಸಿವು," ಎಂದಳು. "ಹಸಿವಾಗಿದೆ."

"ದೇವರಿಗೆ ಹಸಿವಾಗಿದೆ!" ಭಿಕೂ ಗುರವನ ದನಿ ಗುಡಿಯ ಹೆಂಚಿಗೆ ತಾಗಿತು. "ಮಾನದ ಎಡೆ ಕೇಳ್ತಿದಾನೆ ಮಹಾರಾಜ! ಏನು ಕೊಡ್ತೀರಿ?"

"ಕೋಳಿ ಸಾರು, ವಡೆ ಕೊಡ್ತೀವಿ!" ಸದಾನ ಕಣ್ಣಲ್ಲಿ ನೀರು. "ಇಡೀ ವಾಡಿಗೆ ಊಟ ಹಾಕ್ತೀವಿ!"

"ಯಾರ ಕೈಯಿಂದ?"

"ನಮ್ಮ ವಹಿನಿಯ ಕೈಯಿಂದ!"

"ಹೋಯ್ ಮಹಾರಾಜಾ!" ಎಂದಿತು ಗುಂಪು.

ಟಕ್ ಎಂದು ಕೋಲಿನ ಸದ್ದಾಯಿತು. ಆಯೆ ಕಂಬ ಹಿಡಿದು ಎದ್ದು ನಿಂತಿದ್ದಳು.

"ಸರೀರೋ ಆಚೆ. ಅದು ರವಳನಾಥ ಅಲ್ಲ. ಅದು ನನ್ನ ಸೊಸೆ."

"ಆಯೆ, ಬಂದಿರೋ ದೇವರ ಮುಂದೆ ಹಂಗೆಲ್ಲ..." ಭಿಕೂ ತೊದಲಿದ.

"ಸುಮ್ನಿರೋ ಭಿಕೂ. ನಿನ್ನೆಯಿಂದ ಅವಳ ಗಂಟಲಲ್ಲಿ ನೀರು ಇಳಿದಿಲ್ಲ. ಹಿಂದೆ ನಿಮ್ಮಪ್ಪ ನನ್ನ ಹಣೆಗೂ ಹೀಗೇ ಕುಂಕುಮ ಬಳಿದಿದ್ದ. ಆವತ್ತೂ ಯಾವ ದೇವರೂ ಬಂದಿರ್ಲಿಲ್ಲ. ನಯನಾ, ಏಳಿಸು ಅವಳನ್ನ. ರಿಕ್ಷಾದವನ್ನ ಕರಿ."

ದಾರಿಯಲ್ಲಿ ರಿಕ್ಷಾ ಕುಲುಕುವಾಗ ಆಯೆ ಹೊರಗೆ ನೋಡುತ್ತಲೇ ಹೇಳಿದಳು. "ನನ್ನ ಕಾಲಿಗೆ ಊರೆಲ್ಲ ಬಿತ್ತು ಗೋ. ಒಂದು ತುತ್ತು ಯಾರೂ ಕೊಡ್ಲಿಲ್ಲ. ಮನೆಗೆ ಬಂದು ನನ್ನ ಮೈಮೇಲೆ ಬಂದ ದೇವರಿಗೆ ನಾನೇ ವಡೆ ಕರಿದೆ."

"ಮತ್ತೆ ನನಗೂ ಯಾಕೆ ಅದನ್ನೇ..." ಎಂದಳು ತಾರಾಮತಿ.

"ನನಗೆ ಕಲಿಸಿದ್ದು ಅದೊಂದೇ. ಅದನ್ನೇ ನಿನಗೆ ದಾಟಿಸ್ದೆ." ಆಯೆಯ ಒಣಗಿದ ಕೈ ಸೊಸೆಯ ತಣ್ಣನೆಯ ಬೆರಳುಗಳನ್ನು ತನ್ನ ಮಡಿಲಿಗೆ ಎಳೆದುಕೊಂಡಿತು. ಮನೆ ಬರುವವರೆಗೂ ಬಿಡಲಿಲ್ಲ.

ಮನೆಗೆ ಬಂದೊಡನೆ ತಾರಾಮತಿ ಅಡಿಗೆಮನೆಗೆ ನುಗ್ಗಿದಳು. "ಹಿಂದೆ ಜನ ಬರ್ತಿದಾರೆ ಆಯೆ, ಚಹಾಕ್ಕೆ ನೀರು..."

"ಕೂತ್ಕೋ. ಎದ್ರೆ ಕೋಲಲ್ಲಿ ಬೀಳುತ್ತೆ."

"ಚಹಾ..."

"ಚಹಾ ಕುಡೀದೆ ಸತ್ತೋರನ್ನ ನಾನಿನ್ನೂ ಕಂಡಿಲ್ಲ."

ವರ್ಷಗಳಿಂದ ಒಲೆಯ ಹತ್ತಿರ ಸುಳಿಯದ ಮುದುಕಿ ಒಂದು ಕೈಯಲ್ಲಿ ಗೋಡೆ ಹಿಡಿದು ಇನ್ನೊಂದರಲ್ಲಿ ಸೌಟು ಹಿಡಿದು ತನಗೆಂದು ಬೆಳಗ್ಗೆ ಮಾಡಿಟ್ಟಿದ್ದ ಗಂಜಿ ಬಿಸಿ ಮಾಡಿದಳು. ಹುರುಳಿ ಹಿಟ್ಟಿನ ಪಿಠಿ ಕದಡಿದಳು. ಪಿಠಿ ಅಡಿ ಹಿಡಿಯಿತು, ಉಪ್ಪು ಎರಡು ಸಲ ಬಿತ್ತು. ಬಟ್ಟಲನ್ನು ಸೊಸೆಯ ಮುಂದಿಟ್ಟು ತಾನೂ ನೆಲಕ್ಕೆ ಕುಸಿದು ಕೂತಳು. ತಾರಾಮತಿ ಬಾಗಿಲ ಕಡೆ ನೋಡಿದಳು. ಗಂಡಸರು ಇನ್ನೂ ಉಂಡಿರಲಿಲ್ಲ. ಆಯೆಯೂ ಉಂಡಿರಲಿಲ್ಲ.

"ಬಾಗಿಲು ನೋಡ್ಬೇಡ. ಬಟ್ಟಲು ನೋಡು."

ಬಿಸಿ ಗಂಜಿ ಗಂಟಲಿನಿಂದ ಎದೆಗೆ, ಎದೆಯಿಂದ ಹೊಟ್ಟೆಗೆ ಇಳಿಯುವುದು ಅವಳಿಗೆ ದಾರಿಯುದ್ದಕ್ಕೂ ಗೊತ್ತಾಯಿತು. ಎರಡನೆಯ ಬಟ್ಟಲು ಹಾಕಿಸಿಕೊಂಡಳು. ಉಪ್ಪು ಜಾಸ್ತಿ ಎಂದು ಹೇಳಿಯೂ ಬಿಟ್ಟಳು. ಆಯೆ ಬೊಚ್ಚುಬಾಯಿ ಬಿಟ್ಟು ನಕ್ಕಳು. ಅಷ್ಟರಲ್ಲಿ ತಾರಾಮತಿಗೆ ಅಳು ಬಂತು.

"ಆ ರೂಮುಗಳನ್ನ ನೆನೆಸ್ಕೊಂಡ್ರೆ ಮೈ ತಣ್ಣಗಾಗುತ್ತೆ ಆಯೆ. ಏನಂತ ಗೊತ್ತಾಗಲ್ಲ. ಹೆದರಿಕೆಯೋ, ಸೋಮಾರಿತನವೋ."

"ಹಸಿದ ಹೊಟ್ಟೆ ಏನು ಹೇಳಿದ್ರೂ ಅದು ಹಸಿವಿನ ಮಾತೇ. ನಿದ್ದೆಗೆಟ್ಟ ಕಣ್ಣೂ ಅಷ್ಟೇ. ಮೊದಲು ಅವಕ್ಕೆ ಕೊಡೋದು ಕೊಡು. ಆಮೇಲೂ ಅದೇ ಮಾತು ಬಂದ್ರೆ, ಅದು ನಿನ್ನ ಮಾತು. ಹೋಗು, ಮಲಕ್ಕೋ."

"ಹಗಲಲ್ಲಾ?"

"ಹಾಸಿಗೆಗೆ ಹಗಲು ರಾತ್ರಿ ಗೊತ್ತಾಗುತ್ಯೇ?"

ನಡುಮನೆಯ ಮಂಚದ ಮೇಲೆ ತಾರಾಮತಿ ನಡುಹಗಲಲ್ಲಿ ಮಲಗಿದಳು. ಹೊರಗೆ ಬಂದವರ ದನಿ, ಸದಾನ ಪಿಸುಮಾತು, "ಶ್ ಶ್" ಎನ್ನುವ ನಯನಾ, ಆಮೇಲೆ ಏನೂ ಇಲ್ಲ.

ಎಚ್ಚರವಾದಾಗ ಹೆಂಚಿನ ಸಂದಿಯಿಂದ ಬಿದ್ದ ಬಿಸಿಲುಕೋಲು ಗೋಡೆಯ ಮೇಲೆ ಏರಿತ್ತು. ಮೈ ಹಗುರವಾಗಿತ್ತು, ನೀರು ತಿಳಿಯಾದ ಬಾವಿಯ ಹಾಗೆ ತಳ ಕಾಣುತ್ತಿತ್ತು. ಅವಳು ಮಲಗಿದಲ್ಲೇ ಒಂದೊಂದನ್ನೇ ನೆನೆದು ನೋಡಿದಳು. ಮಂಜಿರಿಯ ಊರಿಗೆ ಒಬ್ಬಳೇ ಬಸ್ಸು ಹತ್ತಿ ಹೋಗುವುದು. ಎದೆ ಡವಗುಟ್ಟಿತು, ಹೌದು, ಆದರೆ ಆ ಡವಡವದ ಕೆಳಗೆ ಏನೋ ಕುಣಿಯುತ್ತಿತ್ತು. ಹೆದರಿಕೆ ಅಂದರೆ ಇದು. ಆಮೇಲೆ ಹಿತ್ತಲ ಕೋಣೆಗಳನ್ನು ನೆನೆದಳು. ಜಗುಲಿಯ ಮೇಲೆ ಗುರುತಿಲ್ಲದವರ ಚಪ್ಪಲಿ, ಮುಂಜಾವಿನ ಚಹಾ, ಸಾರು ಖಾರವಾಯಿತು ಎನ್ನುವ ಮಕ್ಕಳು, ಆ ಫೋಟೋದಲ್ಲಿ ನಗುತ್ತಲೇ ಇರುವ ತನ್ನ ಮುಖ. ಏನೂ ಕುಣಿಯಲಿಲ್ಲ. ಹೊಟ್ಟೆಯಲ್ಲಿ ಅರೆಯುವ ಕಲ್ಲು ಇಟ್ಟ ಹಾಗಾಯಿತು. ಹಾಸಿಗೆಯ ಮೇಲಿದ್ದ ಬಲಗೈ ತಾನಾಗಿ ಹಿಂದಕ್ಕೆ ಬಂತು.

ತಾರಾಮತಿ ಆ ಕೈಯನ್ನೇ ನೋಡಿದಳು. ಪೇಟೆಯಲ್ಲಿ ಅದು ಕೆಟ್ಟಿರಲಿಲ್ಲ. ಬೇಡ ಬೇಡ ಎಂದು ಅಷ್ಟು ದಿನ ಕೂಗುತ್ತಿತ್ತು; ಅವಳು ಮಾತ್ರ ಅದನ್ನು ಮೀನಿನ ಮಾತು ಎಂದುಕೊಂಡಿದ್ದಳು.

ಅವಳು ಮುಖ ತೊಳೆದು ಜಗುಲಿಗೆ ಬಂದಾಗ ನಯನಾ ಚಹಾ ಮಾಡಿ ತಂದಿದ್ದಳು. ಸದಾ ಎದ್ದು ಅತ್ತಿಗೆಗೆ ಕುರ್ಚಿ ಎಳೆದ. ಆಯೆ ಗೋಡೆಗೊರಗಿ ಕೂತಿದ್ದಳು.

"ಈಗ ಹೇಗಿದ್ಯ ವಹಿನಿ? ನಾಳೆ ಮೇಸ್ತ್ರಿ ಬರ್ತಾನೆ, ಪಾಯ ಗುರುತು ಹಾಕಕ್ಕೆ. ನೀನು ನಿಂತ್ರೆ ಅವನಿಗೂ..."

"ಸದಾ," ಎಂದಳು ತಾರಾಮತಿ. ಬಂದ ಮಾತನ್ನು ಹಿಂದಕ್ಕೆ ನುಂಗುವುದು ಎಷ್ಟು ಸುಲಭ ಎಂದು ಅವಳಿಗೆ ಗೊತ್ತಿತ್ತು. ಉಸಿರು ತೆಗೆದುಕೊಂಡಳು. "ನನಗೆ ಬೇಡ."

"ಏನು ಬೇಡ? ಚಹಾನಾ?"

"ಹೋಂಸ್ಟೇ. ನಾನು ಮಾಡಲ್ಲ."

ಸದಾ ನಯನಾಳನ್ನು ನೋಡಿದ, ಆಯೆಯನ್ನು ನೋಡಿದ. "ದೇವರು ಬಲ ಕೊಟ್ಟಾಯ್ತಲ್ಲ ವಹಿನಿ! ಎಲ್ಲರ ಕಣ್ಣೆದುರಿಗೆ ಎಸಳು ಬಿತ್ತು."

"ಬಿತ್ತು. ಉದ್ಯೋಗ ಮಾಡಿ ಅಂದ ದೇವರು. ಮಾಡು, ನಾನು ಅಡ್ಡ ಬರಲ್ಲ. ಮಸಾಲೆ ರುಬ್ಬೋಳು ಇವಳೇ ಅಂತ ಅವನು ಬೆರಳು ತೋರಿಸ್ಲಿಲ್ಲ."

ನಯನಾಳ ಬಾಯಿಂದ ನಗು ಚಿಮ್ಮಿ ಚಹಾ ಚೆಲ್ಲಿತು. ಸದಾ ನಗಲಿಲ್ಲ. ಅವನ ತುಟಿ ಅದುರಿದ್ದು ನೋಡಿ ತಾರಾಮತಿಗೆ ಅವನು ಚಿಕ್ಕವನಿದ್ದಾಗಿನ ಮುಖ ಕಂಡಿತು.

"ನಾನು ನಿನ್ನ ಹೆಸರಿಗೇ ಮಾಡಿದ್ದು ವಹಿನಿ. ಜೀವಮಾನವೆಲ್ಲ ಒಲೆ ಮುಂದೆ ಕಳೆದೆ, ನಾಲ್ಕು ಜನ ನಿನ್ನ ಹೆಸರು ಹೇಳ್ಲಿ ಅಂತ. ನಿನಗೆ ಇಷ್ಟ ಅಂತಾನೇ ಅಂದ್ಕೊಂಡಿದ್ದೆ. ಆವತ್ತು ಕೇಳಿದಾಗ ಸರಿ ಅಂದ್ಯಲ್ಲ."

"ಅಂದೆ. ತಪ್ಪು ನಿಂದಲ್ಲ ಕಣೋ. ಆವತ್ತು ನನಗೂ ಗೊತ್ತಿರ್ಲಿಲ್ಲ." ಅವಳು ಅವನ ತಲೆ ಮುಟ್ಟಿದಳು. "ನಿನಗೆ ಬಡಿಸೋದು ನನಗೆ ಇಷ್ಟ. ನೀನು ಹೊಟ್ಟೆ ತುಂಬ ಉಂಡ್ರೆ ನನಗೆ ಇಲ್ಲಿ, ಹೊಟ್ಟೇಲಿ ತಂಪಾಗುತ್ತೆ. ಗುರುತಿಲ್ಲದೋರಿಗೆ ಬೆಳಗ್ಗೆದ್ದು ಬೇಯಿಸೋದು ನೆನೆದ್ರೆ ಇಲ್ಲೇ ಕಲ್ಲು ಕೂರುತ್ತೆ. ಎರಡೂ ಒಂದೇ ಕೆಲಸ ಅಂತ ನಿನಗೆ ಕಾಣುತ್ತೆ. ನನ್ನ ಮೈಗೆ ಒಂದೇ ಅಲ್ಲ."

ಸದಾ ತಲೆ ಕೆರೆದುಕೊಂಡ. "ಆ ಕೋಳಿ ವಡೆ ಹರಕೆ?"

"ಹರಕೆ ಹೊತ್ತ ಬಾಯಿ ಯಾವುದೋ, ಹಿಟ್ಟು ನಾದೋ ಕೈ ಅದರದ್ದೇ," ಎಂದಳು ಆಯೆ ಮೂಲೆಯಿಂದ. "ಬೇಕಾದ್ರೆ ನಾನು ಕೂತು ಹೇಳ್ಕೊಡ್ತೀನಿ. ಎಣ್ಣೆ ಕಾದಿದ್ಯೋ ಇಲ್ವೋ ನೋಡಕ್ಕೆ ಬೆರಳು ಹಾಕ್ಬೇಡ, ಅಷ್ಟೇ."

ಸದಾ ಮೇಸ್ತ್ರಿಗೆ ಫೋನು ಮಾಡಿದ. ಮೊದಲು 'ನಾಳೆ ಬರಬೇಡ', ಆಮೇಲೆ 'ಗೊತ್ತಿಲ್ಲ', ಆಮೇಲೆ 'ಇಲ್ಲ ಮಾರಾಯ, ಮನೆಯವರಿಗೆ ಇಷ್ಟವಿಲ್ಲ' ಎಂದ. ಫೋನು ಕೆಳಗಿಟ್ಟು ಅತ್ತಿಗೆಯ ಎದುರಿಗೆ ಕೂತ. ಈ ಸಲ ಅವನ ದನಿಯಲ್ಲಿ ಅವಸರವಿರಲಿಲ್ಲ.

"ಸರಿ, ಅದು ಬೇಡ. ಹಾಗಾದ್ರೆ ಏನು ಬೇಕು ನಿನಗೆ?"

ತಾರಾಮತಿ ಯೋಚಿಸಿದಳು. ಕಣಕವಲಿಯ ಬಸ್ಸು ಕಣ್ಣ ಮುಂದೆ ಹಾದುಹೋಯಿತು. ಅದರಾಚೆ ಇನ್ನೂ ಏನೇನೋ ಇತ್ತು, ಮಂಜಿನಲ್ಲಿ ದೋಣಿಗಳಿದ್ದ ಹಾಗೆ, ಯಾವುದು ಯಾವುದೆಂದು ಗುರುತು ಹತ್ತುತ್ತಿರಲಿಲ್ಲ.

"ಎಲ್ಲಾ ಇನ್ನೂ ಗೊತ್ತಿಲ್ಲ. ಗೊತ್ತಾದ ಹಾಗೆ ಹೇಳ್ತೀನಿ," ಎಂದಳು. ಆಮೇಲೆ ಖಾಲಿ ಲೋಟ ನೋಡಿದಳು. "ಸದ್ಯಕ್ಕೆ ಇನ್ನೊಂದು ಲೋಟ ಚಹಾ ಬೇಕು. ಸಕ್ಕರೆ ಜಾಸ್ತಿ."

ನಯನಾ ಏಳಹೋದಳು. ಸದಾ ಅವಳ ಕೈಯಿಂದ ಲೋಟ ತೆಗೆದುಕೊಂಡು ತಾನೇ ಒಳಗೆ ಹೋದ. ಒಂದು ಪಾತ್ರೆ ಬಿದ್ದ ಸದ್ದಾಯಿತು. ಡಬ್ಬಿಗಳ ಮುಚ್ಚಳ ಒಂದಾದ ಮೇಲೊಂದು ತೆರೆಯಿತು.

"ವಹಿನಿ, ಸಕ್ಕರೆ ಎಲ್ಲಿದೆ?"

ತಾರಾಮತಿಯ ಕಾಲು ಆಗಲೇ ನೆಲ ಒತ್ತಿ ಅರ್ಧ ಎದ್ದಿತ್ತು. ಅವಳು ಎರಡೂ ಕೈಯನ್ನು ಮಂಡಿಯ ಮೇಲಿಟ್ಟು ಅದನ್ನು ಮೆಲ್ಲಗೆ ಕೂರಿಸಿದಳು.

"ಹುಡುಕು," ಎಂದಳು.